ಚೀನಾದಲ್ಲಿ ಜನರ ಸಂಘಟನೆಗಳು: ಸರ್ಕಾರ ಯಾವುದನ್ನು ಬಿಡುತ್ತದೆ, ಯಾವುದನ್ನು ಬಿಡುವುದಿಲ್ಲ?

ತುಂಗಾತೀರ:

ಬೇರೊಂದು ಚರ್ಚೆಯಲ್ಲಿ ಮಾತು ಈ ಕಡೆ ತಿರುಗಿ ಅರ್ಧಕ್ಕೇ ನಿಂತಿತ್ತು. ಅದಕ್ಕೆ ಇಲ್ಲಿ ಹೊಸದಾಗಿ ಶುರು ಮಾಡುತ್ತಿದ್ದೇನೆ. ಅಲ್ಲಿ ಒಬ್ಬರು "ಚೀನಾದಲ್ಲಿ ಕಮ್ಯುನಿಸ್ಟ್ ಪಕ್ಷ ಬಿಟ್ಟರೆ ಬೇರೆ ಸಂಘ ಸಂಸ್ಥೆಯೇ ಇಲ್ಲ" ಅಂದರು. ಇನ್ನೊಬ್ಬರು "ಅಲ್ಲಿ ನೋಂದಣಿಯಾದ ಸಂಸ್ಥೆಗಳೇ ಸುಮಾರು 9 ಲಕ್ಷ ಇವೆ" ಅಂದರು. ಆ ಸಂಖ್ಯೆ ಸರಿಯೇ. ಆದರೆ ಇಬ್ಬರ ಮಾತಿನಲ್ಲೂ ಮುಖ್ಯವಾದದ್ದು ಬಿಟ್ಟುಹೋಗಿದೆ ಅನಿಸಿತು.

ನನಗೆ ಈ ವಿಷಯ ಅರ್ಥವಾಗಿದ್ದು 2008ರ ಸಿಚುವಾನ್ ಭೂಕಂಪದ ಬಗ್ಗೆ ಓದುತ್ತಾ ಹೋದಾಗ. ಮೇ 12ರ ಮಧ್ಯಾಹ್ನ ವೆಂಚುವಾನ್ ಸುತ್ತಮುತ್ತ ನೆಲ ನಡುಗಿತು. ಸುಮಾರು 69,000 ಜನ ಸತ್ತರು, ಇನ್ನೂ 18,000 ಜನ ಸಿಗಲೇ ಇಲ್ಲ. ಆಮೇಲೆ ಆಗಿದ್ದನ್ನು ಚೀನಾ ಅದಕ್ಕೆ ಮೊದಲು ಕಂಡಿರಲಿಲ್ಲ. ದೇಶದ ಎಲ್ಲ ಕಡೆಯಿಂದ ಜನ ಬಸ್ಸು, ಕಾರು, ಲಾರಿ ಹತ್ತಿ ಸಿಚುವಾನಿಗೆ ಹೊರಟರು. ನೀರು, ಟೆಂಟು, ಔಷಧ, ಹಾಲಿನಪುಡಿ ಏನು ಸಿಕ್ಕಿದರೆ ಅದು. ಯಾರೂ ಆದೇಶ ಕೊಟ್ಟಿರಲಿಲ್ಲ. ಸಿಚುವಾನಿನ ರಾಜಧಾನಿ ಚೆಂಗ್ಡುವಿನಲ್ಲಿ ಹತ್ತಾರು ಸಣ್ಣ ಸಂಘಟನೆಗಳು ಸೇರಿ ಜಂಟಿ ಕಚೇರಿ ತೆರೆದವು. ನೋಂದಣಿ ಇದೆಯಾ, ಇಲ್ಲವಾ ಅಂತ ಆ ದಿನಗಳಲ್ಲಿ ಯಾರೂ ಕೇಳಲಿಲ್ಲ. ಸರ್ಕಾರಿ ಟಿವಿಯೇ ಸ್ವಯಂಸೇವಕರನ್ನು ಹೊಗಳಿತು.

ಇದು ಒಂದು ಮುಖ. ಅದೇ ಊರುಗಳಲ್ಲಿ, ಅದೇ ತಿಂಗಳಲ್ಲಿ ಇನ್ನೊಂದು ನಡೆಯುತ್ತಿತ್ತು. ಪಕ್ಕದ ಕಟ್ಟಡ ನಿಂತಿದ್ದ ಕಡೆ ಶಾಲೆ ಮಾತ್ರ ಕುಸಿದಿತ್ತು. ಒಂದೇ ಮಗು ಇದ್ದ ಮನೆಗಳು ಅವು, ಆ ಒಂದು ಮಗುವೂ ಹೋಗಿತ್ತು. ಮಿಯಾನ್‌ಝುವಿನಲ್ಲಿ ತಂದೆತಾಯಿಯರು ಮಕ್ಕಳ ಫೋಟೋ ಹಿಡಿದು ಮೆರವಣಿಗೆ ಹೊರಟಾಗ ಅಲ್ಲಿನ ಪಕ್ಷದ ಕಾರ್ಯದರ್ಶಿ ನಡುರಸ್ತೆಯಲ್ಲಿ ಮಂಡಿಯೂರಿ ವಾಪಸ್ ಹೋಗಿ ಅಂತ ಬೇಡಿಕೊಂಡ. ಆ ಚಿತ್ರ ಪ್ರಪಂಚವೆಲ್ಲ ನೋಡಿತು. ಕಟ್ಟಡಕ್ಕೆ ಸಿಮೆಂಟು ಎಷ್ಟು ಹಾಕಿದ್ದರು, ಕಬ್ಬಿಣ ಎಷ್ಟು ಹಾಕಿದ್ದರು, ಬಿಲ್ ಯಾರು ಪಾಸ್ ಮಾಡಿದರು ಅನ್ನುವುದಷ್ಟೇ ಅವರ ಪ್ರಶ್ನೆ. ಮೊದಮೊದಲು ಚೀನಾದ ಪತ್ರಿಕೆಗಳೂ ಇದನ್ನು ಬರೆದವು. ಕೆಲವೇ ವಾರಗಳಲ್ಲಿ ಅದು ನಿಂತುಹೋಯಿತು. ಪರಿಹಾರದ ಹಣ ಕೊಟ್ಟು, ಇನ್ನು ಈ ವಿಷಯ ಎತ್ತುವುದಿಲ್ಲ ಅಂತ ತಂದೆತಾಯಿಯರಿಂದ ಸಹಿ ಹಾಕಿಸಿಕೊಂಡರು ಎಂದು ಆಗಲೇ ವರದಿಯಾಗಿತ್ತು.

ಚೆಂಗ್ಡುವಿನ ಟಾನ್ ಝುವೊರೆನ್ ಸತ್ತ ಮಕ್ಕಳ ವಿವರ ಒಟ್ಟುಮಾಡಲು ಹೊರಟರು. 2010ರಲ್ಲಿ ಅವರಿಗೆ 5 ವರ್ಷ ಜೈಲಾಯಿತು. ಕೋರ್ಟು ತೋರಿಸಿದ ಕಾರಣ ಬೇರೆಯೇ, 1989ರಲ್ಲಿ ಸೈನ್ಯ ವಿದ್ಯಾರ್ಥಿಗಳ ಚಳವಳಿ ಹತ್ತಿಕ್ಕಿದ ತಿಯಾನನ್‌ಮೆನ್ ಬಗ್ಗೆ ಬರೆದದ್ದು. ಪೋಷಕರ ದೂರುಗಳನ್ನು ತಮ್ಮ ವೆಬ್‌ಸೈಟಿನಲ್ಲಿ ಹಾಕಿದ ಹುವಾಂಗ್ ಚಿಗೆ 2009ರಲ್ಲಿ 3 ವರ್ಷ. ಕಲಾವಿದ ಐ ವೈವೈ ಸ್ವಯಂಸೇವಕರನ್ನು ಹಳ್ಳಿ ಹಳ್ಳಿಗೆ ಕಳಿಸಿ 5,000ಕ್ಕೂ ಜಾಸ್ತಿ ಮಕ್ಕಳ ಹೆಸರು ಕಲೆಹಾಕಿದರು. ಟಾನ್ ಪರ ಸಾಕ್ಷಿ ಹೇಳಲು ಚೆಂಗ್ಡುವಿಗೆ ಹೋದಾಗ ಪೊಲೀಸರು ಅವರ ತಲೆಗೆ ಹೊಡೆದರು. ಆಮೇಲೆ ಜರ್ಮನಿಯಲ್ಲಿ ಮೆದುಳಿನ ಶಸ್ತ್ರಚಿಕಿತ್ಸೆ ಆಯಿತು.

ಟೆಂಟು ಹೊತ್ತವನಿಗೆ ಹಾರ, ಹೆಸರು ಬರೆದುಕೊಂಡವನಿಗೆ ಜೈಲು. ಇಬ್ಬರೂ ಒಂದೇ ಸಂಕಟಕ್ಕೆ ಮರುಗಿ ಬಂದವರು. ನನಗೆ ಕಾಣುವುದು ಇಷ್ಟು: ಅಲ್ಲಿನ ಸರ್ಕಾರಕ್ಕೆ ಜನರ ದುಡಿಮೆ ಬೇಕು, ಜನರ ವಿಚಾರಣೆ ಬೇಡ. ನಿಮಗೆ ಏನನಿಸುತ್ತದೆ ಹೇಳಿ. ಅಲ್ಲಿ ಇದ್ದು ಬಂದವರು ಯಾರಾದರೂ ಇದ್ದರೆ ದಯವಿಟ್ಟು ಬರೆಯಿರಿ.

ಕಲ್ಲುಬೆಟ್ಟ:

ಒಳ್ಳೆಯ ವಿಷಯ ಎತ್ತಿದ್ದೀರಿ. ಆದರೆ ಆ 9 ಲಕ್ಷದ ಬಗ್ಗೆ ನನಗೆ ನಂಬಿಕೆ ಇಲ್ಲ. ಅದರಲ್ಲಿ ಖಾಸಗಿ ಶಾಲೆ, ವೃದ್ಧಾಶ್ರಮ, ವ್ಯಾಪಾರಿ ಸಂಘ, ಕ್ರೀಡಾ ಸಂಘ ಎಲ್ಲ ಸೇರಿವೆ. ದೊಡ್ಡ ಸಂಘಟನೆಗಳನ್ನು ನೋಡಿದರೆ ಎಲ್ಲವೂ ಪಕ್ಷದ್ದೇ. ಅಖಿಲ ಚೀನಾ ಕಾರ್ಮಿಕ ಒಕ್ಕೂಟ ಬಿಟ್ಟು ಬೇರೆ ಕಾರ್ಮಿಕ ಸಂಘ ಕಟ್ಟುವ ಹಾಗೇ ಇಲ್ಲ. ಮಹಿಳಾ ಒಕ್ಕೂಟ, ಯುವ ಲೀಗ್, ರೆಡ್ ಕ್ರಾಸ್ ಎಲ್ಲದರ ಮೇಲೂ ಸರ್ಕಾರಿ ದರ್ಜೆಯ ಅಧಿಕಾರಿಗಳೇ ಕೂತಿರುತ್ತಾರೆ. ಇದನ್ನು ಜನರ ಸಂಘಟನೆ ಅಂತ ಹೇಗೆ ಕರೆಯುವುದು? ನಿಜವಾಗಿ ಜನರೇ ಕಟ್ಟಿದ್ದು ಎಷ್ಟಿವೆ, ಅದನ್ನು ಹೇಳಿ.

ಹೊಳೆಸಾಲು:

ಕಲ್ಲುಬೆಟ್ಟ ಅವರೇ, ಎಷ್ಟಿವೆ ಅನ್ನುವುದಕ್ಕಿಂತ ಅವು ಹೇಗೆ ಹುಟ್ಟಿದವು ಅಂತ ನೋಡಿದರೆ ಜಾಸ್ತಿ ತಿಳಿಯುತ್ತದೆ. ನಾನು ಪರಿಸರದ ಕಡೆಯಿಂದ ಇದನ್ನು ಬಹಳ ವರ್ಷದಿಂದ ಗಮನಿಸುತ್ತಿದ್ದೇನೆ. ಸ್ವಲ್ಪ ಉದ್ದ ಆಗುತ್ತದೆ, ಕ್ಷಮಿಸಿ.

ಮೊದಲು ನೋಂದಣಿಯ ಕಷ್ಟ. 1989ರಲ್ಲಿ ಬಂದು 1998ರಲ್ಲಿ ಇನ್ನೂ ಬಿಗಿಯಾದ ನಿಯಮದ ಪ್ರಕಾರ ಒಂದು ಸಂಘ ಕಟ್ಟಬೇಕಾದರೆ ನಾಗರಿಕ ವ್ಯವಹಾರಗಳ ಇಲಾಖೆಗೆ ಅರ್ಜಿ ಹಾಕಿದರೆ ಸಾಲದು. ಅದಕ್ಕೂ ಮೊದಲು ಯಾವುದಾದರೂ ಸರ್ಕಾರಿ ಇಲಾಖೆ "ಇವರ ಮೇಲ್ವಿಚಾರಣೆ ನನ್ನದು" ಅಂತ ಒಪ್ಪಬೇಕು. ಯೋಚಿಸಿ ನೋಡಿ, ಯಾವ ಅಧಿಕಾರಿ ತಾನಾಗಿ ಒಪ್ಪುತ್ತಾನೆ? ನಾಳೆ ಆ ಸಂಘದವರು ಏನಾದರೂ ಮಾಡಿದರೆ ತಲೆ ಹೋಗುವುದು ಇವನದು, ಒಳ್ಳೆಯದಾದರೆ ಇವನಿಗೆ ಬರುವುದು ಏನೂ ಇಲ್ಲ. ಅದರ ಮೇಲೆ ಕನಿಷ್ಠ 50 ಸದಸ್ಯರು ಬೇಕು. ಇನ್ನೊಂದು ಷರತ್ತಿನ ಬಗ್ಗೆ ಯಾರೂ ಜಾಸ್ತಿ ಮಾತಾಡುವುದಿಲ್ಲ: ಒಂದು ಊರಿನಲ್ಲಿ ಅದೇ ಕೆಲಸದ ಸಂಘ ಆಗಲೇ ಇದ್ದರೆ ಎರಡನೆಯದನ್ನು ನಿರಾಕರಿಸಬಹುದು. ಅಂದರೆ ಪಕ್ಷದ ಸಂಘ ಒಂದು ಇದ್ದರೆ ನಿಮ್ಮದಕ್ಕೆ ಬಾಗಿಲು ಮುಚ್ಚಿದ ಹಾಗೆ.

ಹಾಗಾಗಿ ಜನ ಅಡ್ಡದಾರಿ ಹುಡುಕಿಕೊಂಡರು. ಚೀನಾದ ಮೊದಲ ದೊಡ್ಡ ಪರಿಸರ ಸಂಘಟನೆ 'ಪ್ರಕೃತಿಯ ಗೆಳೆಯರು'. ಕಟ್ಟಿದವರಲ್ಲಿ ಮುಖ್ಯರು ಲಿಯಾಂಗ್ ತ್ಸೊಂಗ್‌ಜಿಯೆ ಅನ್ನುವ ಇತಿಹಾಸದ ಪ್ರಾಧ್ಯಾಪಕರು, ದೊಡ್ಡ ಸುಧಾರಕ ಲಿಯಾಂಗ್ ಚಿಚಾವೊ ಅವರ ಮೊಮ್ಮಗ. ಅಷ್ಟು ದೊಡ್ಡ ಮನೆತನದ ಹೆಸರಿದ್ದೂ ಪರಿಸರ ಸಂಘ ಅಂತ ನೇರ ನೋಂದಣಿ ಸಿಗಲಿಲ್ಲ. 1994ರಲ್ಲಿ ಒಂದು ಸಂಸ್ಕೃತಿ ಅಕಾಡೆಮಿಯ ಕೆಳಗಿನ ಶಾಖೆಯಾಗಿ ಬರೆಸಿಕೊಂಡರು. ಹಾಗೆ ಶುರುವಾದವರೇ ಯುನ್ನಾನ್ ಪ್ರಾಂತ್ಯದ ಚಪ್ಪಟೆ ಮೂಗಿನ ಕೋತಿಗಳ ಕಾಡು ಉಳಿಸಲು, ಟಿಬೆಟ್ ಜಿಂಕೆಗಳ ಬೇಟೆ ನಿಲ್ಲಿಸಲು ಹೋರಾಡಿದ್ದು. ಹೆಸರಿಲ್ಲದ ಎಷ್ಟೋ ಗುಂಪುಗಳು ಕಂಪನಿ ಅಂತ ನೋಂದಣಿ ಮಾಡಿಸಿ, ಲಾಭವೇ ಇಲ್ಲದೆ ತೆರಿಗೆ ಕಟ್ಟುತ್ತಾ ಕೆಲಸ ಮಾಡಿದವು. ಇದೇ ಮುಂದೆ ಕುತ್ತಿಗೆಗೂ ಬಂತು. ಶೂ ಝಿಯೊಂಗ್ ಮತ್ತು ಗೆಳೆಯರ ಕಾನೂನು ನೆರವಿನ ಸಂಸ್ಥೆಯನ್ನು 2009ರಲ್ಲಿ ಮುಚ್ಚಿಸಿದ್ದು ತೆರಿಗೆಯ ನೆಪದಲ್ಲೇ, 14 ಲಕ್ಷ ಯುವಾನಿಗೂ ಮಿಕ್ಕಿ ದಂಡ ಹಾಕಿ.

ಹೆಸರು, ಹಣ ಎರಡೂ ಇದ್ದವರ ಪಾಡು ಬೇಕಾದರೆ ಜೆಟ್ ಲಿಯನ್ನೇ ನೋಡಿ. ಹೌದು, ಕುಂಗ್ ಫೂ ನಟ. 2004ರ ಸುನಾಮಿಯಲ್ಲಿ ಮಾಲ್ಡೀವ್ಸ್‌ನಲ್ಲಿ ಸಂಸಾರ ಸಮೇತ ಬದುಕುಳಿದ ಮೇಲೆ 2007ರಲ್ಲಿ 'ಒನ್ ಫೌಂಡೇಶನ್' ಶುರು ಮಾಡಿದ. ಅವನಿಗೂ ಸ್ವಂತ ನೋಂದಣಿ ಸಿಗದೆ ರೆಡ್ ಕ್ರಾಸಿನ ಒಂದು ಯೋಜನೆಯಾಗಿ ಇರಬೇಕಾಯಿತು. ಸ್ವಂತ ಖಾತೆ ಇಲ್ಲ, ಸ್ವಂತ ಮುದ್ರೆ ಇಲ್ಲ. ಕೊನೆಗೆ 2011ರ ಆರಂಭದಲ್ಲಿ ಶೆನ್‌ಝೆನ್ ನಗರದವರು ಸ್ವತಂತ್ರ ಪ್ರತಿಷ್ಠಾನವಾಗಿ ನೋಂದಣಿ ಮಾಡಿಕೊಂಡರು. ಜೆಟ್ ಲಿಗೇ ಇಷ್ಟು ವರ್ಷ ಹಿಡಿದರೆ ಹಳ್ಳಿಯ ಮೇಷ್ಟ್ರ ಗತಿ ಏನು?

ಆದರೆ ಒಂದು ಮಾತು. "ಎಲ್ಲ ಪಕ್ಷದ್ದೇ" ಅಂತ ಹೇಳಿಬಿಟ್ಟರೆ ಈ ಜನರ ಬೆವರಿಗೆ ಬೆಲೆ ಇಲ್ಲದ ಹಾಗೆ ಆಗುತ್ತದೆ. ಅವರು ಪಕ್ಷದವರಲ್ಲ. ಪಕ್ಷದ ಜಾಗದಲ್ಲಿ ಸಂದು ಹುಡುಕಿಕೊಂಡು ಕೂತವರು.

ಮಲೆನಾಡಮಳೆ:

ಹೊಳೆಸಾಲು ಅವರು ಹೇಳಿದ ಸಂದಿಯಲ್ಲಿ ಕೂತವರಲ್ಲಿ ಹೆಂಗಸರ ಕಥೆಯನ್ನು ನಾನು ಸೇರಿಸುತ್ತೇನೆ. ಈ ಚರ್ಚೆಗಳಲ್ಲಿ ಅವರನ್ನು ಯಾರೂ ನೆನೆಯುವುದಿಲ್ಲ.

ಬೀಜಿಂಗಿನಲ್ಲಿ 2006ರಲ್ಲಿ ಯಿರೆನ್‌ಪಿಂಗ್ ಅನ್ನುವ ಸಂಸ್ಥೆ ಶುರುವಾಯಿತು. ಹೆಪಟೈಟಿಸ್ ಬಿ ಇದ್ದವರ ಪರ ಕೆಲಸ. ಆಗ ಆ ದೇಶದಲ್ಲಿ ಸುಮಾರು 10 ಕೋಟಿ ಜನರ ರಕ್ತದಲ್ಲಿ ಆ ವೈರಸ್ ಇತ್ತು. ಕೆಲಸಕ್ಕೆ ಸೇರುವಾಗ ರಕ್ತ ಪರೀಕ್ಷೆ ಮಾಡಿಸಿ, ಇದ್ದರೆ ಹೊರಗೆ ಕಳಿಸುತ್ತಿದ್ದರು. ಕಾಲೇಜಿನಲ್ಲೂ ಹಾಗೇ. ಇವರು ಕೇಸ್ ಮೇಲೆ ಕೇಸ್ ಹಾಕಿದರು, ಪತ್ರ ಬರೆದರು, ಪತ್ರಿಕೆಯವರ ಬೆನ್ನು ಬಿದ್ದರು. 2010ರಲ್ಲಿ ಸರ್ಕಾರ ಕೆಲಸಕ್ಕೆ ಮತ್ತು ಶಾಲೆಗೆ ಸೇರುವಾಗ ಆ ಪರೀಕ್ಷೆ ಮಾಡಬಾರದು ಅಂತ ಆದೇಶ ಮಾಡಿತು. ಎಷ್ಟು ದೊಡ್ಡ ಗೆಲುವು ಅಲ್ವಾ?

ಅಲ್ಲಿ ಪಳಗಿದ ಹುಡುಗಿಯರೇ ಮುಂದೆ ಹೆಂಗಸರ ಪ್ರಶ್ನೆಗಳನ್ನು ಬೀದಿಗೆ ತಂದರು. 2012ರಲ್ಲಿ ಮದುಮಗಳ ಬಿಳಿ ಉಡುಪಿಗೆ ಕೆಂಪು ಬಣ್ಣ ಬಳಿದುಕೊಂಡು ಮನೆಯೊಳಗಿನ ಹಲ್ಲೆಯ ವಿರುದ್ಧ ಬೀಜಿಂಗಿನ ಬೀದಿಯಲ್ಲಿ ನಡೆದರು. ಹೆಂಗಸರ ಶೌಚಾಲಯ ಸಾಲದು ಅಂತ ಗುವಾಂಗ್‌ಝೌನಲ್ಲಿ ಗಂಡಸರ ಶೌಚಾಲಯದಲ್ಲಿ ಸಾಲು ನಿಂತರು. ಆಗ ಪತ್ರಿಕೆಗಳು ಖುಷಿಯಿಂದಲೇ ಬರೆದವು. 2015ರ ಮಾರ್ಚಿನಲ್ಲಿ, ಮಹಿಳಾ ದಿನದ ಹಿಂದಿನ ರಾತ್ರಿಗಳಲ್ಲಿ, ಐವರನ್ನು ಬೇರೆ ಬೇರೆ ಊರುಗಳಿಂದ ಹಿಡಿದುಕೊಂಡು ಹೋದರು. ಮಾಡಲು ಹೊರಟಿದ್ದು ಇಷ್ಟೇ: ಬಸ್ಸು, ಮೆಟ್ರೋಗಳಲ್ಲಿ ಮೈಮುಟ್ಟುವ ಕಿರುಕುಳದ ವಿರುದ್ಧ ಸ್ಟಿಕ್ಕರ್ ಹಂಚುವುದು. 37 ದಿನ ಒಳಗಿಟ್ಟು ಜಾಮೀನಿನ ಮೇಲೆ ಬಿಟ್ಟರು. ಯಿರೆನ್‌ಪಿಂಗ್ ಕಚೇರಿಯ ಮೇಲೂ ಅದೇ ತಿಂಗಳು ದಾಳಿ ಆಯಿತು.

ಅದೇ ವರ್ಷ ಡಿಸೆಂಬರಿನಲ್ಲಿ ಚೀನಾದ ಮೊದಲ ಗೃಹ ಹಿಂಸೆ ತಡೆ ಕಾನೂನು ಪಾಸಾಯಿತು. ಜಾರಿಗೆ ಬಂದದ್ದು 2016ರ ಮಾರ್ಚ್ 1ಕ್ಕೆ. ಆ ಕಾನೂನಿಗಾಗಿ ಇಪ್ಪತ್ತು ವರ್ಷ ದುಡಿದ ವಕೀಲೆ ಗುವೊ ಜಿಯಾನ್‌ಮೇ ಅವರ ಕಾನೂನು ನೆರವು ಕೇಂದ್ರ ಬೀಜಿಂಗಿನಲ್ಲಿ 1995ರಿಂದ ಇತ್ತು. ಅದು ಬಾಗಿಲು ಮುಚ್ಚಿದ್ದು 2016ರ ಜನವರಿ ಕೊನೆಗೆ. ಕಾನೂನು ಬರುವ ತಿಂಗಳ ಮುಂಚೆ! ಇದನ್ನು ಓದಿದಾಗ ನನಗೆ ಕಣ್ಣಲ್ಲಿ ನೀರು ಬಂತು. ಬೇಡಿಕೆ ಒಪ್ಪಿಕೊಂಡರು, ಕೇಳಿದವರನ್ನು ಕಳಿಸಿಬಿಟ್ಟರು.

ಜೋಳದರೊಟ್ಟಿ:

ನಾನು ಸ್ವಲ್ಪ ಬೇರೆ ಮಾತು ಹೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ. ಕೊನೆಗೆ ಕಾನೂನು ಬಂತು ತಾನೇ? ರಕ್ತ ಪರೀಕ್ಷೆ ನಿಂತಿತು ತಾನೇ? ಬಡವರಿಗೆ ಬೇಕಾಗುವುದು ಅದೇ.

2011ರಲ್ಲಿ ಪತ್ರಕರ್ತ ಡೆಂಗ್ ಫೈ ಮತ್ತು ಗೆಳೆಯರು ಗುಡ್ಡಗಾಡಿನ ಶಾಲೆಗಳಲ್ಲಿ ಮಧ್ಯಾಹ್ನ ಮಕ್ಕಳು ಹಸಿದುಕೊಂಡು ಕೂತಿರುವುದನ್ನು ನೋಡಿ ಚಂದಾ ಎತ್ತಿದರು. ಒಂದು ಊಟಕ್ಕೆ 3 ಯುವಾನ್. ಲೆಕ್ಕ ಎಲ್ಲ ಆನ್‌ಲೈನಿನಲ್ಲಿ ಹಾಕುತ್ತಿದ್ದರು. ಅದೇ ವರ್ಷ ಅಕ್ಟೋಬರಿನಲ್ಲಿ ಕೇಂದ್ರ ಸರ್ಕಾರ ದಿನಕ್ಕೆ 3 ಯುವಾನಿನಂತೆ ಸುಮಾರು 680 ಜಿಲ್ಲೆಗಳಲ್ಲಿ 2.6 ಕೋಟಿ ಮಕ್ಕಳಿಗೆ ಯೋಜನೆ ಘೋಷಿಸಿತು. ವರ್ಷಕ್ಕೆ 1,600 ಕೋಟಿ ಯುವಾನ್. ಯಾವ ಸ್ವಯಂಸೇವಾ ಸಂಸ್ಥೆ ತಾನೇ ಇಷ್ಟು ಮಕ್ಕಳಿಗೆ ಊಟ ಹಾಕಬಲ್ಲದು? ಅಲ್ಲಿ ಸರ್ಕಾರ ಕಿವುಡಲ್ಲ. ಜನ ದಾರಿ ತೋರಿಸುತ್ತಾರೆ, ಸರ್ಕಾರ ದೊಡ್ಡದಾಗಿ ಮಾಡುತ್ತದೆ. ಇದರಲ್ಲಿ ತಪ್ಪೇನು? ಮಕ್ಕಳ ಹೊಟ್ಟೆ ತುಂಬಿದ್ದನ್ನು ಮರೆತು ಬರೀ ಜೈಲಿನ ಲೆಕ್ಕ ಹಾಕುವುದು ನನಗೆ ಸರಿ ಕಾಣುವುದಿಲ್ಲ.

ತುಂಗಾತೀರ:

ಜೋಳದರೊಟ್ಟಿ ಅವರೇ, ಊಟದ ಯೋಜನೆ ನಿಜಕ್ಕೂ ದೊಡ್ಡ ಕೆಲಸ. ಅದನ್ನು ಯಾರೂ ಅಲ್ಲಗಳೆಯಬಾರದು. ಆದರೆ ಡೆಂಗ್ ಫೈ ಎತ್ತಿದ ಪ್ರಶ್ನೆಗೆ ಉತ್ತರ ಕೊಟ್ಟರೆ ಸರ್ಕಾರಕ್ಕೆ ಹೆಸರು ಬರುತ್ತದೆ, ಯಾರ ಕುರ್ಚಿಯೂ ಅಲುಗುವುದಿಲ್ಲ. ಶಾಲೆ ಕುಸಿದ ಪ್ರಶ್ನೆಗೆ ಉತ್ತರ ಕೊಟ್ಟರೆ ಗುತ್ತಿಗೆದಾರ, ಎಂಜಿನಿಯರ್, ಶಿಕ್ಷಣ ಇಲಾಖೆ, ಪಕ್ಷದ ಕಾರ್ಯದರ್ಶಿ ಎಲ್ಲರ ಹೆಸರೂ ಹೊರಬರುತ್ತದೆ. ಮೊದಲನೆಯದನ್ನು ಕೇಳಲು ಬಿಟ್ಟು ಎರಡನೆಯದನ್ನು ಬಿಡದಿದ್ದರೆ ಮುಂದಿನ ಶಾಲೆಯ ಗೋಡೆಯೊಳಗೆ ಏನಿದೆ ಅಂತ ಯಾರು ನೋಡುತ್ತಾರೆ?

ಮತ್ತೆ, ಸರ್ಕಾರ ಕಿವುಡಲ್ಲ ಅಂದಿರಿ. ಒಂದು ಕಾಲದಲ್ಲಿ ಕಷ್ಟದ ಪ್ರಶ್ನೆಗೂ ಕಿವಿ ಕೊಟ್ಟಿದ್ದು ನಿಜ. 2003ರಲ್ಲಿ ಸುನ್ ಝಿಗಾಂಗ್ ಅನ್ನುವ ಯುವಕ ಗುವಾಂಗ್‌ಝೌನಲ್ಲಿ ಹೊರ ಊರಿನಿಂದ ಬಂದವರಿಗೆ ಬೇಕಿದ್ದ ವಾಸದ ಪರವಾನಗಿ ಜೊತೆಯಲ್ಲಿಲ್ಲ ಅನ್ನುವ ಕಾರಣಕ್ಕೆ ಬಂಧನಕ್ಕೊಳಗಾಗಿ ಅಲ್ಲೇ ಹೊಡೆತ ತಿಂದು ಸತ್ತ. ಒಂದು ಪತ್ರಿಕೆ ಅದನ್ನು ಬಯಲಿಗೆಳೆಯಿತು. ಮೂವರು ಕಾನೂನು ವಿದ್ವಾಂಸರು ಆ ಬಂಧನದ ಪದ್ಧತಿಯೇ ಸಂವಿಧಾನಕ್ಕೆ ವಿರುದ್ಧ ಅಂತ ಅರ್ಜಿ ಬರೆದರು. ಕೆಲವೇ ವಾರಗಳಲ್ಲಿ ಸರ್ಕಾರ ಆ ಪದ್ಧತಿಯನ್ನೇ ರದ್ದು ಮಾಡಿತು. ಆ ಮೂವರಲ್ಲಿ ಒಬ್ಬರು ಹೊಳೆಸಾಲು ಅವರು ಮೇಲೆ ಹೇಳಿದ ಶೂ ಝಿಯೊಂಗ್. 2014ರಲ್ಲಿ ಅವರಿಗೆ 4 ವರ್ಷ, 2023ರಲ್ಲಿ ಮತ್ತೆ 14 ವರ್ಷ ಶಿಕ್ಷೆ. ವ್ಯಕ್ತಿ ಅದೇ, ಕೆಲಸ ಹೆಚ್ಚುಕಡಿಮೆ ಅದೇ. ಬದಲಾಗಿದ್ದು ಗೆರೆ.

ಕಲ್ಲುಬೆಟ್ಟ:

ಗೆರೆ ಯಾವಾಗ ಬದಲಾಯಿತು? ಷಿ ಜಿನ್‌ಪಿಂಗ್ ಬಂದ ಮೇಲೆ ಅಂತ ಎಲ್ಲರೂ ಹೇಳುತ್ತಾರೆ. ಆದರೆ ಟಾನ್, ಹುವಾಂಗ್ ಜೈಲಿಗೆ ಹೋದದ್ದು ಅದಕ್ಕೂ ಮೊದಲು.

ಹೊಳೆಸಾಲು:

ಸರಿಯಾಗಿ ಗಮನಿಸಿದ್ದೀರಿ. ಗೆರೆ ಮೊದಲೂ ಇತ್ತು. ಆದರೆ ಊರಿಂದ ಊರಿಗೆ, ಅಧಿಕಾರಿಯಿಂದ ಅಧಿಕಾರಿಗೆ ಬೇರೆ ಇತ್ತು. 2013ರ ನಂತರ ಅದನ್ನು ಕಾಗದದ ಮೇಲೆ ಇಳಿಸಿದರು. ಆ ವರ್ಷ ಏಪ್ರಿಲಿನಲ್ಲಿ ಪಕ್ಷದೊಳಗೆ ಹೋದ 9ನೇ ದಾಖಲೆಯಲ್ಲಿ ಎಚ್ಚರ ವಹಿಸಬೇಕಾದ ಏಳು ವಿಚಾರಗಳ ಪಟ್ಟಿ ಇತ್ತು. ಅದರಲ್ಲಿ ನಾಗರಿಕ ಸಮಾಜ, ಅಂದರೆ ಸರ್ಕಾರದ ಹೊರಗೆ ಜನರೇ ಕಟ್ಟುವ ಸಂಘಟನೆಗಳು, ಅನ್ನುವುದೂ ಒಂದು. ಅದೇ ವರ್ಷ ಮಾರ್ಚಿನಲ್ಲಿ ದಾನಧರ್ಮ, ಬಡಾವಣೆ ಸೇವೆ, ವಿಜ್ಞಾನ, ವ್ಯಾಪಾರಿ ಸಂಘಗಳಿಗೆ ಮೇಲ್ವಿಚಾರಕ ಇಲಾಖೆ ಇಲ್ಲದೆಯೂ ನೇರ ನೋಂದಣಿ ಕೊಡುತ್ತೇವೆ ಅಂತ ಘೋಷಿಸಿದ್ದರು! ಇವೆರಡನ್ನೂ ಒಟ್ಟಿಗೆ ಇಟ್ಟು ಓದಬೇಕು. ಸೇವೆಗೆ ಬಾಗಿಲು ಅಗಲ, ಹಕ್ಕಿನ ಮಾತಿಗೆ ಕಿರಿದು.

ಆಮೇಲೆ ಒಂದರ ಹಿಂದೆ ಒಂದು. 2015ರ ಜುಲೈ 9ರಿಂದ ಸುಮಾರು 300 ವಕೀಲರು, ಹೋರಾಟಗಾರರನ್ನು ಹಿಡಿದರು ಇಲ್ಲವೇ ಕರೆಸಿ ವಿಚಾರಿಸಿದರು. 2016ರ ಸೆಪ್ಟೆಂಬರ್ 1ಕ್ಕೆ ದಾನಧರ್ಮ ಕಾನೂನು ಜಾರಿ. 2017ರ ಜನವರಿ 1ಕ್ಕೆ ವಿದೇಶಿ ಸಂಸ್ಥೆಗಳ ಕಾನೂನು. ಇದರಲ್ಲಿ ನೋಂದಣಿಯ ಕೆಲಸವೇ ಪೊಲೀಸ್ ಇಲಾಖೆಗೆ ಹೋಯಿತು. ಮೊದಲು ವಿದೇಶದಿಂದ ಸಣ್ಣ ಸಣ್ಣ ಅನುದಾನ ಬರುತ್ತಿತ್ತು, ಕಾನೂನು ನೆರವು, ಕಾರ್ಮಿಕರ ಕೆಲಸ, ಹೆಂಗಸರ ಕೆಲಸ ಅದರಲ್ಲೇ ನಡೆಯುತ್ತಿತ್ತು. ಅದು ಬತ್ತಿತು. ಇನ್ನೊಂದು ಕಡೆ ಸರ್ಕಾರವೇ ವೃದ್ಧರ ಆರೈಕೆ, ಅಂಗವಿಕಲರ ಸೇವೆ, ಬಡಾವಣೆಯ ಕೆಲಸಗಳನ್ನು ಸಂಸ್ಥೆಗಳಿಗೆ ಗುತ್ತಿಗೆ ಕೊಡುವುದನ್ನು ಜಾಸ್ತಿ ಮಾಡಿತು. ಸಂಸ್ಥೆಯ ಸಂಬಳ ಸರ್ಕಾರದಿಂದ ಬರುತ್ತಿರುವಾಗ ಯಾರು ಗಟ್ಟಿಯಾಗಿ ಮಾತಾಡುತ್ತಾರೆ? ಸಂಸ್ಥೆಗಳೊಳಗೆ ಪಕ್ಷದ ಘಟಕ ಇರಬೇಕು ಅನ್ನುವ ಒತ್ತಾಯವೂ ಅದೇ ಸಮಯಕ್ಕೆ ಬಿಗಿಯಾಯಿತು.

ಎಲ್ಲೆಕಟ್ಟೆ:

ನಾನು ಚೀನಾದಲ್ಲಿ ಎಂಬಿಬಿಎಸ್ ಓದಿದವನು. ವುಹಾನಿನಲ್ಲಿ. 2020ರ ಫೆಬ್ರುವರಿ ಶುರುವಿನಲ್ಲಿ ಏರ್ ಇಂಡಿಯಾ ವಿಮಾನದಲ್ಲಿ ನಮ್ಮನ್ನು ಕರೆತಂದರು. ಅದಕ್ಕೂ ಮುಂಚಿನ ದಿನಗಳ ಬಗ್ಗೆ ಬರೆಯುತ್ತೇನೆ.

ಜನವರಿ 23ರ ಬೆಳಿಗ್ಗೆ ಊರು ಮುಚ್ಚಿದರು. ಬಸ್ಸಿಲ್ಲ, ಮೆಟ್ರೋ ಇಲ್ಲ. ಆಸ್ಪತ್ರೆಯ ನರ್ಸುಗಳು ಡ್ಯೂಟಿಗೆ ಹೋಗುವುದು ಹೇಗೆ? ಕಾರು ಇದ್ದ ಸಾಮಾನ್ಯ ಜನ ವಿಚಾಟ್‌ನಲ್ಲಿ (ನಮ್ಮ ವಾಟ್ಸಾಪ್ ಥರದ್ದು) ಗುಂಪು ಮಾಡಿಕೊಂಡು ಅವರನ್ನು ಬಿಡುವುದು, ಕರೆತರುವುದು ಶುರು ಮಾಡಿದರು. ಯಾರಿಗೂ ಪರಿಚಯ ಇಲ್ಲ, ದುಡ್ಡಿಲ್ಲ. ಹೋಟೆಲಿನವರು ರೂಮು ಬಿಟ್ಟುಕೊಟ್ಟರು, ಊಟದವರು ಡಬ್ಬಿ ಕಳಿಸಿದರು. ಹಾಸ್ಟೆಲಿನಲ್ಲಿ ನಾವು ಇದನ್ನೆಲ್ಲ ಫೋನಿನಲ್ಲಿ ನೋಡುತ್ತಿದ್ದೆವು. ನಮಗೆ ಬೇಕಾದ ಸಾಮಾನು ತಂದುಕೊಟ್ಟವರೂ ಅಂಥ ಸ್ವಯಂಸೇವಕರೇ.

ಜನವರಿ 26ಕ್ಕೆ ನಾಗರಿಕ ವ್ಯವಹಾರಗಳ ಸಚಿವಾಲಯ ಆದೇಶ ಮಾಡಿತು, ವುಹಾನ್ ಇರುವ ಹುಬೇ ಪ್ರಾಂತ್ಯಕ್ಕೆ ಬರುವ ದಾನವನ್ನೆಲ್ಲ ಐದು ಸಂಸ್ಥೆಗಳೇ ತೆಗೆದುಕೊಳ್ಳಬೇಕು ಅಂತ. ಐದೂ ಸರ್ಕಾರಿ ನಂಟಿನವು. ದಾನದ ಮಾಸ್ಕುಗಳು ಗೋದಾಮಿನಲ್ಲಿ ರಾಶಿ ಬಿದ್ದವು, ಆಸ್ಪತ್ರೆಗಳು ಮಾಸ್ಕಿಲ್ಲ ಅಂತ ಇಂಟರ್ನೆಟ್ಟಿನಲ್ಲಿ ಬೇಡುತ್ತಿದ್ದವು. ಸೋಂಕಿತರನ್ನು ನೋಡದ ಒಂದು ಖಾಸಗಿ ಆಸ್ಪತ್ರೆಗೆ ಸಾವಿರಾರು ಮಾಸ್ಕು ಹೋಗಿದ್ದು ಪಟ್ಟಿಯಲ್ಲಿ ಕಂಡಾಗ ಜನ ಉರಿದುಬಿದ್ದರು. ಹುಬೇ ರೆಡ್ ಕ್ರಾಸಿನ ಒಬ್ಬ ಉಪಾಧ್ಯಕ್ಷರನ್ನು ಕೆಲಸದಿಂದ ತೆಗೆದರು. ಹೊರಗಿನವರು ಇದನ್ನು ಬರೀ ಭ್ರಷ್ಟಾಚಾರ ಅಂತ ಬರೆದರು. ನನಗೆ ಹಾಗೆ ಅನಿಸಲಿಲ್ಲ. ಒಂದು ಕೋಟಿಗೂ ಮೀರಿದ ಜನರ ಊರಿಗೆ ಬರುವ ಸಹಾಯವನ್ನೆಲ್ಲ ಐದು ಬಾಗಿಲಿನಲ್ಲಿ ನುಗ್ಗಿಸಿದರೆ ಪ್ರಾಮಾಣಿಕರು ಕೂತಿದ್ದರೂ ಹಾಗೇ ಆಗುತ್ತಿತ್ತು. ಆ ಬಾಗಿಲಿನ ಹೊರಗೆ ಕೆಲಸ ಬಲ್ಲ ಜನ ಇದ್ದರು, ಗುಂಪುಗಳು ಇದ್ದವು. ಅವರನ್ನು ನಂಬಲಿಲ್ಲ, ಅಷ್ಟೇ.

ಫೆಬ್ರುವರಿ 7ರಂದು ಡಾಕ್ಟರ್ ಲಿ ವೆನ್‌ಲಿಯಾಂಗ್ ಸತ್ತ ಸುದ್ದಿ ಬಂದಾಗ ನಾವು ಭಾರತದಲ್ಲಿ ಕ್ವಾರಂಟೈನಿನಲ್ಲಿ ಇದ್ದೆವು. ಡಿಸೆಂಬರ್ ಕೊನೆಯಲ್ಲಿ ಅವರು ಸ್ನೇಹಿತರ ಗುಂಪಿನಲ್ಲಿ ಎಚ್ಚರಿಕೆ ಹಾಕಿದ್ದಕ್ಕೆ ಪೊಲೀಸರು ಕರೆಸಿ ಸಹಿ ಹಾಕಿಸಿಕೊಂಡಿದ್ದರು. ಓದಿದ ಊರಿನ ಡಾಕ್ಟರು. ಆ ರಾತ್ರಿ ನಮ್ಮಲ್ಲಿ ಯಾರೂ ನಿದ್ದೆ ಮಾಡಲಿಲ್ಲ.

ಮಲೆನಾಡಮಳೆ:

ಎಲ್ಲೆಕಟ್ಟೆ ಅಣ್ಣ, ಬರೆದದ್ದಕ್ಕೆ ತುಂಬಾ ಥ್ಯಾಂಕ್ಸ್. ಐದು ಬಾಗಿಲು ಅನ್ನುವ ಮಾತು ನನಗೆ ಬಹಳ ಮುಖ್ಯ ಅನಿಸಿತು. ಸಿಚುವಾನಿನಲ್ಲೂ ದಾನದ ಬಹುಪಾಲು ಹಣ ಕೊನೆಗೆ ಸರ್ಕಾರದ ಖಾತೆಗೇ ಹೋಗಿತ್ತು. 2011ರಲ್ಲಿ ರೆಡ್ ಕ್ರಾಸಿನ ಹೆಸರು ಹೇಳಿಕೊಂಡು ಐಷಾರಾಮ ತೋರಿಸಿದ ಗುವೊ ಮೇಮೇ ಗಲಾಟೆ ಆದ ಮೇಲೆ ಜನ ಅದಕ್ಕೆ ಹಣ ಕೊಡುವುದನ್ನೇ ಕಡಿಮೆ ಮಾಡಿದರು. 2013ರಲ್ಲಿ ಯಾ'ಆನ್ ಭೂಕಂಪ ಆದಾಗ ಜೆಟ್ ಲಿ ಸಂಸ್ಥೆಗೆ ಹಣ ಹರಿದು ಬಂತು. ಆಯ್ಕೆ ಇದ್ದಾಗ ಜನ ಎಲ್ಲಿಗೆ ಹೋಗುತ್ತಾರೆ ಅಂತ ಅಲ್ಲೇ ಗೊತ್ತಾಗಿತ್ತು. ಗೊತ್ತಿದ್ದೂ 2020ರಲ್ಲಿ ಮತ್ತೆ ಅದೇ ಐದು ಬಾಗಿಲು!

ಬೆಳಗಿನಜಾವ:

ಕಾರ್ಮಿಕರ ಬಗ್ಗೆ ಯಾರೂ ಬರೆಯಲಿಲ್ಲ, ಅದಕ್ಕೆ ಬಂದೆ. ನಾನು ಇಲ್ಲಿ ಬಟ್ಟೆ ಕಾರ್ಖಾನೆಗಳಲ್ಲಿ ಸಂಘಟನೆಯ ಕೆಲಸ ಮಾಡಿದವಳು. ಗುವಾಂಗ್‌ಡಾಂಗಿನ ಕಾರ್ಖಾನೆಗಳಲ್ಲಿ ಕೈ ಕಳೆದುಕೊಂಡವರಿಗೆ, ಮಾಲೀಕರು ಪಿಂಚಣಿಯ ಹಣ ಕಟ್ಟದೆ ಮೋಸ ಹೋದವರಿಗೆ ಸಹಾಯ ಮಾಡುವ ಸಣ್ಣ ಕಾರ್ಮಿಕ ಕೇಂದ್ರಗಳು ಇದ್ದವು. ಮಾಲೀಕರ ಎದುರು ಕೂತು ಒಟ್ಟಾಗಿ ಮಾತಾಡುವುದನ್ನು ಕಲಿಸುತ್ತಿದ್ದರು. 2015ರ ಡಿಸೆಂಬರಿನಲ್ಲಿ ಪನ್‌ಯುವಿನ ಕೇಂದ್ರದ ಝೆಂಗ್ ಫೈಯಾಂಗ್ ಮತ್ತು ಜೊತೆಯವರನ್ನು ಹಿಡಿದರು. ಸರ್ಕಾರಿ ಟಿವಿಯಲ್ಲಿ ಅವರನ್ನು ವಿದೇಶಿ ದುಡ್ಡಿನವರು ಅಂತ ತೋರಿಸಿದರು.

2018ರಲ್ಲಿ ಶೆನ್‌ಝೆನ್‌ನ ಜಾಸಿಕ್ ಅನ್ನುವ ಯಂತ್ರದ ಕಾರ್ಖಾನೆಯಲ್ಲಿ ಕಾರ್ಮಿಕರು ಸಂಘ ಕಟ್ಟಲು ಹೊರಟರು. ಪ್ರತ್ಯೇಕ ಸಂಘವೂ ಅಲ್ಲ, ಕಾನೂನು ಹೇಳುವ ಹಾಗೆ ಅದೇ ಸರ್ಕಾರಿ ಒಕ್ಕೂಟದ ಕೆಳಗೆ. ಅವರನ್ನು ಕೆಲಸದಿಂದ ತೆಗೆದರು, ಬಂಧಿಸಿದರು. ಬೆಂಬಲಕ್ಕೆ ಬಂದವರು ಪೀಕಿಂಗ್ ವಿಶ್ವವಿದ್ಯಾಲಯದಂಥ ಕಡೆಯ ವಿದ್ಯಾರ್ಥಿಗಳು. ಮಾರ್ಕ್ಸ್ ಓದಿಕೊಂಡವರು, ಮಾವೋ ಚಿತ್ರದ ಅಂಗಿ ತೊಟ್ಟವರು. ಅವರನ್ನೂ ಎಳೆದುಕೊಂಡು ಹೋದರು.

ತುಂಗಾತೀರ ಅವರು ಹೇಳಿದ್ದಕ್ಕೆ ನಾನು ಇಷ್ಟು ಸೇರಿಸುತ್ತೇನೆ. ಪ್ರಶ್ನೆ ಕೇಳುವುದರಷ್ಟೇ ದೊಡ್ಡ ಭಯ ಅವರಿಗೆ ಒಂದು ಗುಂಪು ಇನ್ನೊಂದು ಗುಂಪಿನ ಕೈ ಹಿಡಿಯುವುದು. ಒಂದು ಕಾರ್ಖಾನೆಯಲ್ಲಿ ಮುಷ್ಕರ ಆದರೆ ಎಷ್ಟೋ ಸಲ ಸ್ಥಳೀಯ ಅಧಿಕಾರಿಗಳೇ ಮಾಲೀಕನ ಮೇಲೆ ಒತ್ತಡ ಹಾಕಿ ಸಂಬಳ ಕೊಡಿಸುತ್ತಾರೆ. ಆದರೆ ಕಾರ್ಮಿಕ, ವಿದ್ಯಾರ್ಥಿ, ವಕೀಲ ಮೂವರೂ ಒಂದೇ ಕಡೆ ಸೇರಿದರೆ ಸಹಿಸುವುದಿಲ್ಲ. ಐವರು ಹೆಣ್ಣುಮಕ್ಕಳನ್ನೂ ಸ್ಟಿಕ್ಕರಿಗಾಗಿ ಹಿಡಿದರು ಅಂತ ನನಗೆ ಅನಿಸುವುದಿಲ್ಲ. ಬೇರೆ ಬೇರೆ ಊರಿನಲ್ಲಿ ಒಂದೇ ದಿನ ಒಂದೇ ಕೆಲಸ ಮಾಡಲು ಹೊರಟಿದ್ದರಲ್ಲ, ಅದಕ್ಕೆ.

ತುಂಗಾತೀರ:

ಬೆಳಗಿನಜಾವ ಅವರೇ, ಇದು ನಾನು ನೋಡದೇ ಇದ್ದ ಕಡೆ. 2008ರಲ್ಲಿ ಚೆಂಗ್ಡುವಿನ ಜಂಟಿ ಕಚೇರಿ ಜಾಸ್ತಿ ದಿನ ಬಾಳಲಿಲ್ಲ ಅನ್ನುವುದನ್ನು ನಿಮ್ಮ ಮಾತಿನ ಬೆಳಕಿನಲ್ಲಿ ನೋಡಿದರೆ ಅರ್ಥವಾಗುತ್ತದೆ. 2022ರ ನವೆಂಬರ್ ಕೂಡ ಹಾಗೇ. ಉರುಮ್ಚಿಯ ಅಪಾರ್ಟ್‌ಮೆಂಟಿನಲ್ಲಿ ಬೆಂಕಿ ಬಿದ್ದು 10 ಜನ ಸತ್ತರು. ಲಾಕ್‌ಡೌನಿನ ಅಡೆತಡೆಯಿಂದ ಹೊರಬರಲಾಗಲಿಲ್ಲ ಅಂತ ಜನ ನಂಬಿದರು. ಶಾಂಘೈ, ಬೀಜಿಂಗ್, ಚೆಂಗ್ಡು, ವುಹಾನ್ ಎಲ್ಲ ಕಡೆ ಜನ ಏನೂ ಬರೆಯದ ಬಿಳಿ ಹಾಳೆ ಹಿಡಿದು ಪ್ರತಿಭಟನೆಗೆ ನಿಂತರು. ಯಾವ ಸಂಘಟನೆಯೂ ಕರೆ ಕೊಟ್ಟಿರಲಿಲ್ಲ. ಕರೆ ಕೊಡಬಲ್ಲ ಸಂಘಟನೆಗಳನ್ನು ಅಷ್ಟೊತ್ತಿಗೆ ಮುಗಿಸಿ ಆಗಿತ್ತು. ಡಿಸೆಂಬರ್ 7ಕ್ಕೆ ಕೋವಿಡ್ ನಿಯಮಗಳನ್ನು ಸಡಿಲಿಸಿದರು, ಹಾಳೆ ಹಿಡಿದು ನಿಂತಿದ್ದವರಲ್ಲಿ ಹಲವರನ್ನು ಆಮೇಲೆ ಹುಡುಕಿ ಹಿಡಿದರು. ಮಲೆನಾಡಮಳೆ ಅವರು ಹೇಳಿದ್ದೇ ಮತ್ತೆ ಆಯಿತು.

ಜೋಳದರೊಟ್ಟಿ:

ಎಲ್ಲ ಓದಿದೆ. ವುಹಾನಿನ ಕಥೆ ಕೇಳಿ ಮನಸ್ಸು ಭಾರ ಆಯಿತು. ಆದರೂ ಹೊಟ್ಟೆಗೆ ಊಟ ಹಾಕಿದ ಸರ್ಕಾರ ಅದು ಅನ್ನುವ ನನ್ನ ಮಾತು ಹಾಗೇ ಇದೆ. ಒಂದು ಪ್ರಶ್ನೆ: ಕೋರ್ಟಿನ ದಾರಿ ಏನಾಯಿತು? ಬೀದಿಗೆ ಇಳಿಯದೆ ಕೋರ್ಟಿನಲ್ಲಿ ಕೇಳಬಹುದಲ್ಲ? ಪರಿಸರದ ಕೇಸುಗಳಲ್ಲಿ ಅಲ್ಲಿನ ಸಂಸ್ಥೆಗಳು ಗೆದ್ದಿವೆ ಅಂತ ಕೇಳಿದ್ದೇನೆ. ಹೊಳೆಸಾಲು ಅವರು ಹೇಳಬೇಕು.

ಹೊಳೆಸಾಲು:

ಒಳ್ಳೆಯ ಪ್ರಶ್ನೆ. ಹೌದು, ಇದು ನಿಜವಾಗಿ ತೆರೆದ ಬಾಗಿಲು. 2015ರ ಜನವರಿ 1ರಿಂದ ಜಾರಿಯಾದ ಪರಿಸರ ಕಾನೂನಿನ 58ನೇ ಕಲಂ ಪ್ರಕಾರ ನಗರ ಮಟ್ಟದಲ್ಲಿ ನೋಂದಣಿಯಾಗಿ 5 ವರ್ಷ ಕೆಲಸ ಮಾಡಿದ ಸಂಸ್ಥೆ ಜನರ ಪರವಾಗಿ ಕೇಸ್ ಹಾಕಬಹುದು. ಅರ್ಹತೆ ಇರುವ ಸಂಸ್ಥೆಗಳು ಸುಮಾರು 700 ಅಂತ ಆಗ ಹೇಳಿದ್ದರು. ನಿಜವಾಗಿ ಕೇಸ್ ಹಾಕಿದವು ಬೆರಳೆಣಿಕೆಯಷ್ಟು. ಹಣ ಬೇಕು, ವಕೀಲರು ಬೇಕು, ಧೈರ್ಯ ಬೇಕು.

ಎರಡು ಕೇಸ್ ಹೇಳುತ್ತೇನೆ. ಚಾಂಗ್‌ಝೌ ಊರಿನಲ್ಲಿ ಹಳೇ ರಾಸಾಯನಿಕ ಕಾರ್ಖಾನೆಗಳ ಜಾಗದ ಪಕ್ಕದಲ್ಲೇ ಶಾಲೆ ಕಟ್ಟಿದರು. ನೂರಾರು ಮಕ್ಕಳಿಗೆ ತೊಂದರೆ ಆಯಿತು ಅಂತ 2016ರಲ್ಲಿ ಸರ್ಕಾರಿ ಟಿವಿಯೇ ತೋರಿಸಿತು. 'ಪ್ರಕೃತಿಯ ಗೆಳೆಯರು' ಮತ್ತು ಇನ್ನೊಂದು ಸಂಸ್ಥೆ ಮೂರು ಕಂಪನಿಗಳ ಮೇಲೆ ಕೇಸ್ ಹಾಕಿದವು. 2017ರ ಜನವರಿಯಲ್ಲಿ ಸೋತವು. ಸೋತದ್ದಕ್ಕಿಂತ ದೊಡ್ಡ ಪೆಟ್ಟು ಅಂದರೆ 18.9 ಲಕ್ಷ ಯುವಾನ್ ಕೋರ್ಟು ಶುಲ್ಕ ನೀವೇ ಕಟ್ಟಿ ಅಂದರು. ಒಂದು ಸ್ವಯಂಸೇವಾ ಸಂಸ್ಥೆಯ ಬೆನ್ನು ಮುರಿಯಲು ಅಷ್ಟು ಸಾಕು. ಆದರೂ ಅವರು ಬಿಡಲಿಲ್ಲ, ಮೇಲ್ಮನವಿ ಹಾಕಿದರು. 2018ರ ಡಿಸೆಂಬರಿನಲ್ಲಿ ಮೇಲಿನ ಕೋರ್ಟು ಆ ಶುಲ್ಕ ತೆಗೆದುಹಾಕಿ ಕಂಪನಿಗಳು ಸಾರ್ವಜನಿಕವಾಗಿ ಕ್ಷಮೆ ಕೇಳಬೇಕು ಅಂದಿತು.

ಇನ್ನೊಂದು ಯುನ್ನಾನಿನ ಹಸಿರು ನವಿಲಿನದು. ಆ ಜಾತಿಯ ನವಿಲು ಇಡೀ ಚೀನಾದಲ್ಲಿ 500ಕ್ಕಿಂತ ಕಡಿಮೆ ಉಳಿದಿದ್ದವು. ಅವುಗಳ ಕಣಿವೆಯನ್ನೇ ಮುಳುಗಿಸುವ ಜಲವಿದ್ಯುತ್ ಅಣೆಕಟ್ಟು ಕಟ್ಟುತ್ತಿದ್ದರು. 'ಪ್ರಕೃತಿಯ ಗೆಳೆಯರು' 2017ರಲ್ಲಿ ಕೇಸ್ ಹಾಕಿದರು. ಹಾನಿ ಆದ ಮೇಲೆ ಪರಿಹಾರ ಕೇಳುವ ಕೇಸಲ್ಲ ಇದು, ಹಾನಿ ಆಗುವ ಮೊದಲೇ ತಡೆಯಿರಿ ಅಂತ ಕೇಳಿದ್ದು. 2020ರ ಮಾರ್ಚಿನಲ್ಲಿ ಕುನ್‌ಮಿಂಗ್ ಕೋರ್ಟು ಅಣೆಕಟ್ಟಿನ ಕೆಲಸ ನಿಲ್ಲಿಸಿತು. ವರ್ಷದ ಕೊನೆಗೆ ಪ್ರಾಂತ್ಯದ ಹೈಕೋರ್ಟೂ ಅದನ್ನು ಎತ್ತಿಹಿಡಿಯಿತು.

ಇದು ಸಾಧ್ಯವಾಗಿದ್ದು ಮಾಲಿನ್ಯ ತಡೆಯುವುದು ಪಕ್ಷದ ಗುರಿಯೂ ಆಗಿದ್ದರಿಂದ. ಅದೇ ಕಾನೂನು ಕಾರ್ಮಿಕರಿಗೆ ಇಲ್ಲ, ಸತ್ತ ಮಕ್ಕಳ ತಂದೆತಾಯಿಗೆ ಇಲ್ಲ. 2017ರ ನಂತರ ಸರ್ಕಾರಿ ಅಭಿಯೋಜಕರಿಗೇ ಜನರ ಪರ ಕೇಸ್ ಹಾಕುವ ಅಧಿಕಾರ ಕೊಟ್ಟಿದ್ದಾರೆ. ಈಗ ಇಂಥ ಕೇಸುಗಳಲ್ಲಿ ಬಹುಪಾಲು ಅವರದೇ. ಸಂಸ್ಥೆಗಳ ಪಾಲು ಸಣ್ಣದಾಗಿದೆ.

ಕಲ್ಲುಬೆಟ್ಟ:

ಹಾಗಾದ್ರೆ ಇವತ್ತು ಒಬ್ಬ ಯುವತಿ ಅಲ್ಲಿ ಏನಾದರೂ ಕಟ್ಟಬೇಕು ಅಂದುಕೊಂಡರೆ ಎಲ್ಲಿಂದ ಶುರು ಮಾಡುತ್ತಾಳೆ? ಯಾರಿಗಾದರೂ ಗೊತ್ತಾ?

ಎಲ್ಲೆಕಟ್ಟೆ:

ನನ್ನ ಜೊತೆ ಓದಿದ ಚೀನೀ ಗೆಳತಿ ಒಬ್ಬಳು ಊರಿನಲ್ಲಿ ವಯಸ್ಸಾದವರಿಗಾಗಿ ಒಂದು ಗುಂಪು ನಡೆಸುತ್ತಾಳೆ. ನೋಂದಣಿ ಇಲ್ಲ. ಬಡಾವಣೆಯ ನಿವಾಸಿ ಸಮಿತಿಯಲ್ಲಿ ಹೆಸರು ಬರೆಸಿದ್ದಾಳೆ, ಅಲ್ಲೇ ಒಂದು ಕೋಣೆ ಕೊಟ್ಟಿದ್ದಾರೆ. ಸಾರ್ವಜನಿಕರಿಂದ ಹಣ ಎತ್ತುವ ಅರ್ಹತೆ ಇಲ್ಲದ ಕಾರಣ, ಅರ್ಹತೆ ಇರುವ ಒಂದು ಪ್ರತಿಷ್ಠಾನದ ಹೆಸರಿನ ಕೆಳಗೆ ವಿಚಾಟ್‌ನ ಕಂಪನಿ ಟೆನ್ಸೆಂಟ್ ಸೆಪ್ಟೆಂಬರ್ 9ರ ಸುತ್ತಮುತ್ತ ನಡೆಸುವ '99' ಅನ್ನುವ ದಾನದ ದಿನಗಳಲ್ಲಿ ಚಂದಾ ಎತ್ತುತ್ತಾಳೆ. 2024ರ ಸೆಪ್ಟೆಂಬರಿನಿಂದ ದಾನಧರ್ಮ ಕಾನೂನಿಗೆ ತಿದ್ದುಪಡಿ ಬಂದಿದೆ. ನೋಂದಣಿಯಾದ ದಾನ ಸಂಸ್ಥೆ ಮೊದಲು 2 ವರ್ಷ ಕಾದು ಆ ಅರ್ಹತೆಗೆ ಅರ್ಜಿ ಹಾಕಬೇಕಿತ್ತು, ಈಗ 1 ವರ್ಷ ಸಾಕು. ಅದಕ್ಕೇ ಈಗ ನೋಂದಣಿ ಮಾಡಿಸುವ ಯೋಚನೆಯಲ್ಲಿ ಇದ್ದಾಳೆ. ಪಕ್ಕದ ಬಡಾವಣೆಯಲ್ಲೂ ಅಂಥದ್ದೇ ಗುಂಪು ಇದೆಯಂತೆ, ಅವರ ಜೊತೆ ಸೇರುತ್ತೀಯಾ ಅಂತ ಕೇಳಿದೆ. ಅದನ್ನು ಫೋನಿನಲ್ಲಿ ಬೇಡ, ಎದುರಿಗೆ ಸಿಕ್ಕಾಗ ಮಾತಾಡೋಣ ಅಂದಳು.